ನ್ಯೂಯಾರ್ಕಿಗೆ ಬದಲಾದ ದ್ವೀಪದಲ್ಲಿ ನನ್ನ ಹರಕೆ

ಕಲ್ಲುಗುಂಡಿ

ನಮ್ಮೂರಿನ ಮದುವೆಗಳಲ್ಲಿ ನನ್ನ ಪಕ್ಕದ ಎಲೆಗೆ ಕೂರಲು ಜನ ಸ್ವಲ್ಪ ಹಿಂದೆಮುಂದೆ ನೋಡುತ್ತಾರೆ. ಪಾಯಸ ಬರುವುದರೊಳಗೆ ಕುಸುಮಕ್ಕ ಒಂದಾದರೂ ಪ್ರಶ್ನೆ ಕೇಳಿಯೇ ಕೇಳುತ್ತಾಳೆ ಎಂಬುದು ಕಲ್ಲುಗುಂಡಿಯಿಂದ ಸುಳ್ಯದವರೆಗೆ ಎಲ್ಲರಿಗೂ ಗೊತ್ತು. ಇಂಡೋನೇಷ್ಯಾದ ಬಾವುಟವನ್ನೇ ಹೋಲುವ ಬಾವುಟ ಯಾವ ದೇಶದ್ದು? ಮೊನಾಕೊ. ಯಾವ ದೇಶದ ಬಾವುಟದಲ್ಲಿ ಜಾಯಿಕಾಯಿ ಇದೆ? ಗ್ರೆನಡಾ. ಪಿಯುಸಿಗೆ ಓದು ನಿಂತ ಮೇಲೆ ಕೈಗೆ ಸಿಕ್ಕಿದ ಸಾಮಾನ್ಯ ಜ್ಞಾನದ ಪುಸ್ತಕಗಳನ್ನೆಲ್ಲ ನಾನು ಓದಿದೆ, ಬೇರೆಯವರು ಧಾರಾವಾಹಿ ನೋಡುವ ಆಸೆಯಲ್ಲಿ. ಅರುವತ್ತಕ್ಕೆ ಇನ್ನೆರಡೇ ವರ್ಷ ಇರುವ ಈಗಲೂ ಆ ಚಟ ಹೋಗಿಲ್ಲ.

ನನ್ನ ಅತಿ ಪ್ರೀತಿಯ ಪ್ರಶ್ನೆ ಇದು: ನ್ಯೂಯಾರ್ಕಿನ ಮ್ಯಾನ್‌ಹಟನ್ನನ್ನು ಡಚ್ಚರು ಇಂಗ್ಲಿಷರಿಗೆ ಬಿಟ್ಟುಕೊಟ್ಟು, ಅದಕ್ಕೆ ಬದಲಾಗಿ ಯಾವ ದ್ವೀಪವನ್ನು ಇಟ್ಟುಕೊಂಡರು? ಉತ್ತರ, ರನ್. ಇಂಡೋನೇಷ್ಯಾದ ಬಾಂದಾ ದ್ವೀಪಗಳಲ್ಲಿ ಒಂದು. ಮೂರು ಕಿಲೋಮೀಟರ್ ಉದ್ದ, ಅಗಲ ಒಂದು ಕಿಲೋಮೀಟರ್ ಕೂಡ ಇಲ್ಲ. ಆ ಕಾಲಕ್ಕೆ ಜಾಯಿಕಾಯಿ ಮರ ಪ್ರಪಂಚದಲ್ಲಿ ಆ ಪುಟ್ಟ ದ್ವೀಪಗಳಲ್ಲಿ ಬಿಟ್ಟರೆ ಬೇರೆಲ್ಲೂ ಇರಲಿಲ್ಲ, ಅದಕ್ಕೇ ಆ ಪಾಟಿ ಕಾದಾಟ. ಇದನ್ನು ಕೇಳಿ ಜನ ಬಾಯಿಬಿಟ್ಟು ನೋಡುವಾಗ ನನಗೆ ಹೋಳಿಗೆಗಿಂತ ಹೆಚ್ಚು ಖುಷಿ.

ಆದರೆ ನನಗೂ ಜಾಯಿಕಾಯಿಗೂ ಇರುವ ಸಂಬಂಧ ಬರೀ ಪ್ರಶ್ನೋತ್ತರದ್ದಲ್ಲ. ನಮ್ಮ ಕಡೆಯ ಅಡಿಕೆ ತೋಟಗಳಿಗೆ ಹಳದಿ ರೋಗ ಬಂದು ಮರಗಳು ಒಂದೊಂದಾಗಿ ಸೊರಗುತ್ತಿದ್ದಾಗ ನಮ್ಮ ಯಜಮಾನರು ಸಾಲುಗಳ ನಡುವೆ ಜಾಯಿಕಾಯಿ ಸಸಿ ನೆಟ್ಟರು. ಈ ಮರದ ಸ್ವಭಾವ ವಿಚಿತ್ರ. ಗಂಡು ಮರ ಬೇರೆ, ಹೆಣ್ಣು ಮರ ಬೇರೆ. ಕಾಯಿ ಬಿಡುವುದು ಹೆಣ್ಣು ಮಾತ್ರ, ಹತ್ತು ಹೆಣ್ಣಿಗೆ ಒಂದು ಗಂಡಿದ್ದರೆ ಸಾಕು. ಯಾವುದು ಯಾವುದೆಂದು ಆರೇಳು ವರ್ಷ ಸಾಕಿ, ಹೂ ಬಿಟ್ಟ ಮೇಲೆಯೇ ತಿಳಿಯುವುದು. ನಮ್ಮಲ್ಲಿ ಹತ್ತಿರಹತ್ತಿರ ಅರ್ಧದಷ್ಟು ಗಂಡು ಬಂದವು. ಅಡಿಕೆ ಹೋಯಿತು, ಜಾಯಿಕಾಯಿ ಹೀಗಾಯಿತು. ಆ ಸಂಜೆ ನಾನು ತೋಟದಲ್ಲಿ ನಿಂತು ಮರಗಳಿಗೇ ಹೇಳಿದೆ, "ನೀವು ನಮ್ಮನ್ನು ಸಾಕಿದರೆ ನಿಮ್ಮ ಮೂಲಕ್ಕೆ, ಆ ರನ್ ದ್ವೀಪಕ್ಕೆ ಬಂದು, ಒಂದು ಹಿಡಿ ಜಾಪತ್ರೆ ಬುಡಕ್ಕೆ ಹಾಕಿ ಕೈಮುಗಿಯುತ್ತೇನೆ."

ನಮ್ಮ ಕಡೆ ಮೂಲ ಎಂದರೆ ಸಣ್ಣ ಮಾತಲ್ಲ. ಮನೆಗೆ ಕಷ್ಟ ಬಂದರೆ ಜೋಯಿಸರಲ್ಲಿ ಪ್ರಶ್ನೆ ಇಡಿಸುತ್ತಾರೆ, ಅವರು ಕವಡೆ ಸರಿಸಿ "ಮೂಲಸ್ಥಾನಕ್ಕೆ ನಿಮ್ಮಿಂದ ಸೇವೆ ಸಂದಿಲ್ಲ" ಎನ್ನುತ್ತಾರೆ, ಆಮೇಲೆ ಮೂರು ತಲೆಮಾರು ಹಿಂದೆ ಬಿಟ್ಟುಬಂದ ಊರನ್ನು ಕುಟುಂಬವೇ ಜೀಪು ಮಾಡಿಕೊಂಡು ಹುಡುಕಲು ಹೊರಡುತ್ತದೆ. ಮನುಷ್ಯರಿಗೆ ಮೂಲ ಇರುವುದಾದರೆ ಮರಕ್ಕೆ ಯಾಕಿಲ್ಲ? ಜೋಯಿಸರ ಅಗತ್ಯ ನನಗೆ ಬೀಳಲಿಲ್ಲ, ಸಾಮಾನ್ಯ ಜ್ಞಾನದ ಪುಸ್ತಕ ಇತ್ತು.

ಮರಗಳು ಮಾತು ಉಳಿಸಿಕೊಂಡವು. ಅದಕ್ಕೆ ಕಾರಣ ಏಲಿಯಮ್ಮ ಚೇಚಿ. ಕಡಬದ ಹತ್ತಿರ ನೆಲ್ಯಾಡಿಯಲ್ಲಿ ರಬ್ಬರು, ಜಾಯಿಕಾಯಿ ಬೆಳೆಯುವ ಹೆಂಗಸು, ನನಗಿಂತ ನಾಲ್ಕು ವರ್ಷ ದೊಡ್ಡವರು, ಅದಕ್ಕೇ ಅವರ ಮಲಯಾಳದಲ್ಲಿ ಚೇಚಿ, ಅಂದರೆ ಅಕ್ಕ. ಸುಳ್ಯದಲ್ಲಿ ಕಾಳುಮೆಣಸು ಮಾರಲು ಹೋದಾಗ ಪರಿಚಯವಾಗಿ, ನನ್ನ ಗೋಳು ಕೇಳಿ, ಮರುವಾರವೇ ಬಸ್ಸಿನಲ್ಲಿ ತಮ್ಮ ಹೆಣ್ಣು ಮರದ ಕಡ್ಡಿಗಳ ಕಟ್ಟು ಹಿಡಿದುಕೊಂಡು ಬಂದಿಳಿದರು. ನಮ್ಮ ಗಂಡು ಮರಗಳಲ್ಲಿ ಬೇಕಾದಷ್ಟನ್ನು ಉಳಿಸಿ ಮಿಕ್ಕವಕ್ಕೆ ಕಸಿ ಕಟ್ಟಿ ಹೆಣ್ಣು ಮಾಡಿದ್ದು ಅವರ ಕೈ. ಆ ಮೇಲೆ ನಮ್ಮ ಮನೆ ನಡೆದದ್ದೂ, ಮಾಡಿನ ಹಂಚು ಹೊಸದಾದದ್ದೂ, ಮಗಳ ಓದು ಮುಗಿದದ್ದೂ ಜಾಯಿಕಾಯಿಯಿಂದಲೇ. ಹರಕೆ ಮಾತ್ರ ಹಾಗೇ ಉಳಿದಿತ್ತು. ಪ್ರತಿ ವರ್ಷ ಮೊದಲ ಕಾಯಿ ಒಡೆದಾಗ ಎದೆಯಲ್ಲಿ ಒಂದು ಮುಳ್ಳು ಆಡುತ್ತಿತ್ತು.

ಪುತ್ತೂರು

ಪುತ್ತೂರಿನಲ್ಲಿ ವಿಮಾನದ ಟಿಕೆಟ್ ಮಾಡಿಕೊಡುವ ಹುಡುಗಿ ಒಳ್ಳೆಯವಳು. ನಾನೂ ಚೇಚಿಯೂ ಹೋಗಿ ಕೂತು ರನ್ ಎಂದಾಗ ಅವಳು ಕಂಪ್ಯೂಟರಿನಲ್ಲಿ ಹುಡುಕಿ, ತಲೆಯೆತ್ತಿ ನಮ್ಮಿಬ್ಬರನ್ನೂ ನೋಡಿ, ಪುನಃ ಹುಡುಕಿದಳು.

"ಅಕ್ಕ, ಇಂಡೋನೇಷ್ಯಾ ಅಂದ್ರೆ ಎಲ್ಲರೂ ಹೋಗುದು ಬಾಲಿಗೆ. ಅಲ್ಲಿ ದೇವಸ್ಥಾನ ಎಲ್ಲ ಉಂಟು. ಈ ರನ್‌ನಲ್ಲಿ ಎಂತ ಉಂಟು?"

"ಅಲ್ಲಿ ನಮ್ಮ ಮರದ ತವರು ಉಂಟು," ಎಂದೆ.

"ವಿಮಾನ ಇಳಿದು ಹಡಗು, ಹಡಗು ಇಳಿದು ದೋಣಿ. ನಿಮಗೆ ಆಗ್ತದಾ?"

"ಮೋಳೇ," ಎಂದರು ಚೇಚಿ, "ನಾವು ಗುಂಡ್ಯದಿಂದ ಮೇಲೆ ಹೋಗುವ ಬಸ್ಸಿನಲ್ಲಿ ನಿಂತುಕೊಂಡು ಹಾಸನಕ್ಕೆ ಹೋದವರು. ನೀನು ಟಿಕೆಟ್ ಮಾಡು."

ಚೇಚಿ ಬರುತ್ತೇನೆಂದದ್ದು ನನ್ನ ಹರಕೆಗಾಗಿ ಅಲ್ಲ. ಅವರು ಹರಕೆ ಹೇಳಿಕೊಳ್ಳುವುದು ಅವರ ಇಗರ್ಜಿಯ ಪುಣ್ಯಾಳನ, ಅಂದರೆ ಸಂತನ, ಹತ್ತಿರ. "ನಾನು ಕಸಿ ಕಟ್ಟಿದ ಮರದ ಅಜ್ಜಿಯನ್ನು ನನಗೊಮ್ಮೆ ನೋಡಬೇಕು" ಎಂದಷ್ಟೇ ಹೇಳಿದರು. ನಮ್ಮ ಯಜಮಾನರು ಹಟ್ಟಿಯ ದನ ನೋಡಿಕೊಳ್ಳುವುದಾಗಿ ಒಪ್ಪಿ, ಸಮುದ್ರದ ಸುದ್ದಿಯನ್ನು ಮಾತ್ರ ತಮಗೆ ಹೇಳಬಾರದೆಂದರು.

ಜಕಾರ್ತಾ

ವಿಮಾನ ಭೂಮಧ್ಯರೇಖೆ ದಾಟುವ ಹೊತ್ತಿಗೆ ಚೇಚಿಯನ್ನು ಎಬ್ಬಿಸಿ ಹೇಳಿದೆ. ಅವರು ಲೋಟದ ನೀರನ್ನು ಐದು ನಿಮಿಷ ದಿಟ್ಟಿಸಿ ನೋಡಿದರು. ನೀರು ಅತ್ತಿತ್ತ ಓರೆಯಾಗಲಿಲ್ಲ. "ಇದಕ್ಕಾ ನೀನು ಎಬ್ಬಿಸಿದ್ದು?" ಎಂದು ಮತ್ತೆ ಮಲಗಿದರು. ಬೋರ್ನಿಯೊ ದ್ವೀಪವನ್ನು ಮೂರು ದೇಶಗಳು ಹಂಚಿಕೊಂಡಿವೆ ಎಂಬ ಮುಂದಿನ ಸಂಗತಿಯನ್ನು ನಾನು ನನ್ನಲ್ಲೇ ಇಟ್ಟುಕೊಂಡೆ.

ಜಕಾರ್ತಾದಲ್ಲಿ ಇಳಿಯುವ ಮೊದಲು ತುಂಬುವ ಫಾರಮಿನಲ್ಲಿ ಗಿಡಮರದ ವಸ್ತು ಏನಾದರೂ ಇದೆಯೇ ಎಂಬ ಪ್ರಶ್ನೆಗೆ ನಾನು ಹೌದು ಎಂದು ಗುರುತು ಹಾಕಿದೆ. ಪ್ರಶ್ನೆಗೆ ತಪ್ಪು ಉತ್ತರ ಕೊಡುವುದು ನನ್ನಿಂದಾಗದ ಕೆಲಸ. ತಲೆಗೆ ವಸ್ತ್ರ ಕಟ್ಟಿದ ಚುರುಕಿನ ಅಧಿಕಾರಿಣಿಯೊಬ್ಬಳು ನನ್ನ ಪೊಟ್ಟಣ ಬಿಚ್ಚಿದಳು. ಒಳಗೆ ನಮ್ಮ ಮನೆಯ ಮೊದಲ ಕೊಯ್ಲಿನ ಜಾಪತ್ರೆ. ಜಾಯಿಕಾಯಿಯ ಬೀಜಕ್ಕೆ ಸುತ್ತಿಕೊಂಡಿರುವ ಆ ಕೆಂಪು ಬಲೆಯನ್ನು ಬಿಡಿಸಿ ಒಣಗಿಸಿದ್ದು. ಅವಳು ಮೂಸಿ ನೋಡಿ ಕಣ್ಣರಳಿಸಿದಳು. "ಪಾಲಾ?" ಅಲ್ಲಿ ಜಾಯಿಕಾಯಿಗೆ ಹಾಗೆನ್ನುತ್ತಾರೆ. ನಾನು ಹೂಂ ಎಂದೆ. ಅವಳು ಪಕ್ಕದವಳನ್ನು ಕರೆದಳು, ಪಕ್ಕದವಳು ಮತ್ತೊಬ್ಬನನ್ನು ಕರೆದಳು, ಮೂವರೂ ಸೇರಿ ನಗಲಾರಂಭಿಸಿದರು.

"ಇಬು, ನೀವು ಇಂಡೋನೇಷ್ಯಾಕ್ಕೆ ಪಾಲಾ ತಂದಿರಾ?"

ಇಬು ಎಂದರೆ ಅಮ್ಮ. ನನಗೂ ನಗು ಬಂತು. ಯಾರೋ ಪುತ್ತೂರಿಗೆ ಅಡಿಕೆ ಹೊತ್ತುಕೊಂಡು ಬಂದರೆ ನಾನು ಹೀಗೆಯೇ ನಗುತ್ತಿದ್ದೆ. ಆದರೆ ಅವಳು ನಗುತ್ತಲೇ ಪೊಟ್ಟಣವನ್ನು ಬದಿಗಿಟ್ಟಳು. ರೋಗವಿಲ್ಲವೆಂಬ ಸರ್ಟಿಫಿಕೇಟು ಇಲ್ಲದೆ ಒಳಗೆ ಬಿಡುವಂತಿಲ್ಲ, ನಿಯಮ. ಹಳದಿ ರೋಗದಲ್ಲಿ ತೋಟ ಕಳೆದುಕೊಂಡವಳು ನಾನು, ಆ ನಿಯಮವನ್ನು ಬೈಯಲು ಬಾಯಿ ಬರಲಿಲ್ಲ. ಚೇಚಿಯ ಚೀಲದಲ್ಲಿದ್ದ ಜಾಯಿಕಾಯಿ ಸಿಪ್ಪೆಯ ಉಪ್ಪಿನಕಾಯಿ ಬಾಟ್ಲಿಯನ್ನು ತಿರುಗಿಸಿ ನೋಡಿ, ಅದು ತಿಂಡಿ, ಹೋಗಲಿ ಎಂದಳು. ಎರಡೂ ಒಂದೇ ಬಗೆಯ ಕಾಯಿ. ಒಣಗಿದ್ದಕ್ಕೆ ತಡೆ, ಖಾರ ಹಾಕಿದ್ದಕ್ಕೆ ದಾರಿ.

ಹೊರಗೆ ಬಂದು ನಾನು ಬೆಂಚಿನಲ್ಲಿ ಕೂತುಬಿಟ್ಟೆ. ಹರಕೆಯ ವಸ್ತುವೇ ಹೋದ ಮೇಲೆ ಇನ್ನು ಎಲ್ಲಿಗೆ ಹೋಗುವುದು?

"ಕುಸುಮಾ, ಏಳು ಮಾರಾಯ್ತಿ," ಎಂದರು ಚೇಚಿ. "ಕಾಲು ಉಂಟಲ್ಲ, ಅದನ್ನು ಅವಳು ಇಟ್ಟುಕೊಳ್ಳಲಿಲ್ಲ."

ನೈರಾ, ಮೊದಲ ದಿನ

ಜಕಾರ್ತಾದಿಂದ ಇನ್ನೊಂದು ವಿಮಾನದಲ್ಲಿ ಅಂಬೋನ್ ದ್ವೀಪ, ಅಲ್ಲಿಂದ ಬಾಂದಾ ನೈರಾ ದ್ವೀಪಕ್ಕೆ ಹಡಗಿನಲ್ಲಿ ಸುಮಾರು ಆರು ಗಂಟೆ. ಆ ಆರು ಗಂಟೆಯಲ್ಲಿ ನಾನು ಯಾವ ದೇಶದ ರಾಜಧಾನಿಯನ್ನೂ ನೆನಪಿಸಿಕೊಳ್ಳಲಿಲ್ಲ. ಚೇಚಿಯ ಮಡಿಲಲ್ಲಿ ತಲೆಯಿಟ್ಟು, ಶಿರಾಡಿಯ ತಿರುವುಗಳೆಲ್ಲ ಎಷ್ಟು ಸಾಧು ಎಂದುಕೊಂಡೆ. ಎದುರಿಗೆ ಕೂತ ಒಬ್ಬ ಅಪರಿಚಿತ ಹೆಂಗಸು ನನ್ನ ಹಣೆಗೆ ಒಂದು ಎಣ್ಣೆ ಹಚ್ಚಿ ಉಜ್ಜಿದಳು. ಕೇಳಿ ಹಚ್ಚುವ ಪದ್ಧತಿ ಅಲ್ಲಿಲ್ಲ. ಯಾರಿಗಾದರೂ ತಲೆ ತಿರುಗಿದರೆ ಹತ್ತಿರ ಇದ್ದವರು ಹಚ್ಚುತ್ತಾರೆ, ಅಷ್ಟೆ. ಆ ಎಣ್ಣೆಯಲ್ಲೂ ಜಾಯಿಕಾಯಿಯ ವಾಸನೆ ಇತ್ತು.

ನೈರಾದ ದಡದಲ್ಲಿ ನಮ್ಮನ್ನು ಇಳಿಸಿಕೊಂಡವರು ನಾವು ತಂಗುವ ಮನೆಯ ಒಡತಿ ರತ್ನ. ಹೆಸರು ಕೇಳಿದ್ದೇ ನಾನು ರತ್ನಕ್ಕ ಎಂದು ಕರೆಯಲು ಶುರು ಮಾಡಿದೆ. ಐವತ್ತರ ಹೆಂಗಸು, ಅಲ್ಲಿಯವರೇ, ಇಂಗ್ಲಿಷ್ ಚೆನ್ನಾಗಿ ಬಲ್ಲವರು. ಇನ್ನು ಮುಂದೆ ಅಲ್ಲಿಯವರು ಆಡಿದ ಮಾತೆಲ್ಲ ರತ್ನಕ್ಕನ ಬಾಯಿಂದ ನನಗೆ ಬಂದದ್ದು. ಅದನ್ನು ನಾನು ನಮ್ಮ ಮಾತಿಗೆ ತಂದು ಬರೆಯುತ್ತಿದ್ದೇನೆ. ಚೇಚಿಗೆ ಈ ಏರ್ಪಾಡು ಬೇಕಾಗಲಿಲ್ಲ. ಅವರು ಎಲ್ಲರ ಹತ್ತಿರವೂ ಮಲಯಾಳದಲ್ಲಿ ಸ್ವಲ್ಪ ಗಟ್ಟಿಯಾಗಿ ಮಾತಾಡಿದರು, ಅರ್ಧ ಕೆಲಸ ಅದರಲ್ಲೇ ಆಯಿತು.

ಮನೆಯ ಎದುರು ಸಮುದ್ರ, ಸಮುದ್ರದ ಆಚೆ ನೇರ ನಿಂತ ಅಗ್ನಿಪರ್ವತ. ಹೋಗಿ ಕೂತದ್ದೇ ರೊಟ್ಟಿಗೆ ರತ್ನಕ್ಕ ಹಚ್ಚಿಕೊಟ್ಟದ್ದು ಜಾಯಿಕಾಯಿ ಸಿಪ್ಪೆಯ ಜಾಮು. ಅದನ್ನು ತಿಂದು ನನ್ನ ಮುಖ ಸಣ್ಣದಾಯಿತು. ನಮ್ಮಲ್ಲಿ ಎಷ್ಟೋ ಮನೆಗಳಲ್ಲಿ ಬೀಜ, ಜಾಪತ್ರೆ ತೆಗೆದು ಸಿಪ್ಪೆಯನ್ನು ಗೊಬ್ಬರದ ಗುಂಡಿಗೆ ಎಸೆಯುತ್ತೇವೆ. ಇಲ್ಲಿ ಅದನ್ನು ಸಕ್ಕರೆಯಲ್ಲಿ ಒಣಗಿಸುತ್ತಾರೆ, ಕುದಿಸಿ ಜಾಮು ಮಾಡುತ್ತಾರೆ, ಶರಬತ್ತು ಮಾಡುತ್ತಾರೆ. ಇಷ್ಟು ವರ್ಷ ನಾನು ಗುಂಡಿಗೆ ಹಾಕಿದ ಜಾಮನ್ನು ಲೆಕ್ಕ ಹಾಕಲು ಹೋಗಲಿಲ್ಲ.

ರನ್ ಅಲ್ಲಿಂದ ದೋಣಿಯಲ್ಲಿ ಎರಡು ಗಂಟೆ. ಆದರೆ ಆ ದಿನ ಗಾಳಿ ಎದ್ದಿತ್ತು. ದೋಣಿಯ ಉಸ್ಮಾನ್ ಅಲೆಗಳನ್ನು ನೋಡಿ ಕೈಯಾಡಿಸಿದರು. ನಾಳೆ ನೋಡುವ ಎಂದರು. ನಮಗಿದ್ದದ್ದು ಮೂರೇ ದಿನ. ನಾಲ್ಕನೇ ದಿನ ಬೆಳಿಗ್ಗೆ ಹಿಂದಿರುಗುವ ಹಡಗು, ಅದು ತಪ್ಪಿದರೆ ಮುಂದಿನ ವಿಮಾನಗಳೂ ತಪ್ಪುತ್ತವೆ.

ನೈರಾ, ಎರಡನೇ ದಿನ

ಗಾಳಿ ಇಳಿಯಲಿಲ್ಲ. ನನ್ನ ಚಡಪಡಿಕೆ ನೋಡಲಾರದೆ ರತ್ನಕ್ಕ ನಮ್ಮನ್ನು ಡಚ್ಚರ ಹಳೆಯ ಕೋಟೆಗೆ ಕರೆದುಕೊಂಡು ಹೋದರು. ಕೋಟೆಯ ಮೇಲೆ ನಿಂತಾಗ ನಾನು ಸುಮ್ಮನಿರಲಾರದೆ ನನ್ನ ಪ್ರಶ್ನೆ ಹಾಕಿದೆ, ಮದುವೆ ಊಟದಲ್ಲಿ ಹಾಕುವ ಅದೇ ನಗುವಿನಲ್ಲಿ: "ಮ್ಯಾನ್‌ಹಟನ್ನಿಗೆ ಬದಲಾಗಿ ಯಾವ ದ್ವೀಪ, ಹೇಳಿ ನೋಡುವ?"

ರತ್ನಕ್ಕ ನಗಲಿಲ್ಲ. "ಇಲ್ಲಿಗೆ ಬಂದವರೆಲ್ಲ ಇದನ್ನೇ ಕೇಳುದು," ಎಂದರು. "ಅದಕ್ಕೂ ಮೊದಲು ಎಂತ ಆಯ್ತು ಅಂತ ಯಾರೂ ಕೇಳುದಿಲ್ಲ."

ಆಮೇಲೆ ಅವರೇ ಹೇಳಿದರು. ಆ ಅದಲುಬದಲಿಗೆ ಕೆಲವು ದಶಕಗಳ ಮೊದಲು ಡಚ್ಚರು ಈ ದ್ವೀಪಗಳ ಜನರನ್ನು ಕೊಂದರು, ಉಳಿದವರಲ್ಲಿ ಹಲವರನ್ನು ಗುಲಾಮರಾಗಿ ಸಾಗಿಸಿದರು; ಕೆಲವರು ಮಾತ್ರ ದೋಣಿ ಹತ್ತಿ ಬೇರೆ ದ್ವೀಪಗಳಿಗೆ ತಪ್ಪಿಸಿಕೊಂಡರು. ಇಂಗ್ಲಿಷರಿಗೆ ಸಿಗಬಾರದೆಂದು ರನ್‌ನ ಜಾಯಿಕಾಯಿ ಮರಗಳನ್ನು ಕಡಿಸಿಹಾಕಿದರು. ಈಗ ಅಲ್ಲಿರುವ ಮರಗಳು ಆಮೇಲೆ ನೆಟ್ಟವು, ಜನರೂ ಆಮೇಲೆ ಬೇರೆ ದ್ವೀಪಗಳಿಂದ ಬಂದವರು.

ನನಗೆ ನಾಚಿಕೆಯಾಯಿತು, ನೇರವಾಗಿ ಹೇಳುತ್ತೇನೆ. ಮೂವತ್ತು ವರ್ಷ ನಾನು ಈ ಸಂಗತಿಯನ್ನು ಪಾಯಸದ ಜೊತೆ ಬಡಿಸಿದ್ದೆ. ಉತ್ತರ ಸರಿಯಾಗಿಯೇ ಇತ್ತು, ಪ್ರಶ್ನೆಯೇ ಅರ್ಧ. ನ್ಯೂಯಾರ್ಕಿನ ಹೆಸರು ಬಂದರೆ ಮಾತ್ರ ಈ ದ್ವೀಪಕ್ಕೆ ಒಂದು ಬೆಲೆ ಎಂಬಂತೆ ನಾನೂ ಮಾತಾಡಿದ್ದೆ.

ಅದಕ್ಕಿಂತ ದೊಡ್ಡ ಪೆಟ್ಟು ಸಂಜೆ ತಟ್ಟಿತು. ಮೂಲದ ಜನ ಇಲ್ಲ. ಮೂಲದ ಮರ ಇಲ್ಲ. ಹರಕೆಯ ಜಾಪತ್ರೆ ಜಕಾರ್ತಾದಲ್ಲಿ. ಹೋಗಲು ದೋಣಿ ಇಲ್ಲ. ಹಾಗಾದರೆ ನಾನು ಯಾರಿಗೆ, ಏನು, ಎಲ್ಲಿ ಒಪ್ಪಿಸಲು ಬಂದದ್ದು?

ರತ್ನಕ್ಕ ಸಮಾಧಾನ ಮಾಡಿದರು, "ನನ್ನ ಮನೆಯ ಹಿಂದೆಯೂ ಪಾಲಾ ಮರ ಉಂಟು. ಇದೂ ಬಾಂದಾವೇ. ನಿಮ್ಮ ಪ್ರಾರ್ಥನೆ ಇಲ್ಲೇ ಮಾಡಬಹುದಲ್ಲ?"

ಯಾರು ನೋಡಿದರೂ ಬುದ್ಧಿವಂತ ಸಲಹೆಯೇ. ಆದರೆ ನಾನು ಹರಕೆ ಹೇಳುವಾಗ ರನ್ ಎಂದು ಹೆಸರು ಹಿಡಿದು ಹೇಳಿದ್ದೆ. ಸುಬ್ರಹ್ಮಣ್ಯಕ್ಕೆ ಹೇಳಿಕೊಂಡ ಹರಕೆಯನ್ನು ದಾರಿಯಲ್ಲಿ ಸಿಕ್ಕಿದ ಗುಡಿಯಲ್ಲಿ ಮುಗಿಸಿ ಬರುತ್ತಾರೆಯೇ?

ಚೇಚಿ ಮೊಣಕಾಲಿಗೆ ಎಣ್ಣೆ ತಿಕ್ಕುತ್ತಾ ಎಲ್ಲ ಕೇಳಿಸಿಕೊಂಡಿದ್ದರು. "ನೋಡು ಕುಸುಮಾ, ನೆಲ್ಯಾಡಿಗೆ ಬರುವಾಗ ನಾನು ಅಮ್ಮಚ್ಚಿಯ ಸೊಂಟದಲ್ಲಿದ್ದೆ. ಕೇರಳದಲ್ಲಿ ಪಾಲಾ ಎಂಬ ಊರಿನ ಹತ್ತಿರ ನಮ್ಮ ಮೂಲದ ಮನೆ ಇದ್ದಲ್ಲಿ ಈಗ ಪೆಟ್ರೋಲ್ ಪಂಪ್ ಉಂಟು. ಹಾಗಂತ ನಾನು ಮೂಲ ಇಲ್ಲದವಳಾ? ಎಲ್ಲಿ ಬೇರು ಹಿಡೀತದೋ ಅದು ಮೂಲ. ಕಸಿ ಕಟ್ಟುವವಳು ಹೇಳುದು, ಕೇಳು."

ನಾನು ಕೇಳಿದೆ, ಆದರೆ ಒಪ್ಪಲಿಲ್ಲ. ಸಮುದ್ರದ ಕಡೆ ನೋಡುತ್ತಾ ಕೂತೆ.

ರನ್

ಮೂರನೇ ದಿನ ಬೆಳಗಾಗುವಾಗ ಉಸ್ಮಾನ್ ಬಾಗಿಲು ತಟ್ಟಿದರು. ಗಾಳಿ ಬಿದ್ದಿತ್ತು. "ಈಗಲೇ ಹೊರಡಬೇಕು, ಮೂರು ಗಂಟೆಗೆ ಅಲ್ಲಿಂದ ಬಿಡಬೇಕು. ಆಮೇಲೆ ನಾನು ಹೊಣೆ ಅಲ್ಲ." ನಾನು ಮುಖ ತೊಳೆದದ್ದು ದೋಣಿಯಲ್ಲಿ, ಸಮುದ್ರದ ನೀರಿನಲ್ಲಿ.

ರತ್ನಕ್ಕನೂ ಜೊತೆಗೆ ಬಂದರು. ಮಧ್ಯೆ ಒಂದು ಕಡೆ ದೋಣಿ ಹಾರಿ ಬಿದ್ದ ರಭಸಕ್ಕೆ ಚೇಚಿ "ಎಂಡೆ ಈಶೋಯೇ!" ಎಂದು ಯೇಸುವನ್ನು ಕೂಗಿ ಉಸ್ಮಾನರ ಅಂಗಿಯನ್ನೇ ಹಿಡಿದುಕೊಂಡರು, ರನ್ ತಲುಪುವವರೆಗೆ ಬಿಡಲಿಲ್ಲ. ಉಸ್ಮಾನ್ ಅದನ್ನು ಗಮನಿಸದವರಂತೆ ದೋಣಿ ನಡೆಸಿದರು.

ಕಾಲಿಟ್ಟೆ. ಸ್ಲೇಟಿನಲ್ಲಿ ಬರೆದ ಉತ್ತರವೊಂದರ ಮೇಲೆ ನಿಜವಾದ ಕಾಲಿಟ್ಟ ಹಾಗೆ ಆಯಿತು. ಮೀನಿನ ವಾಸನೆ, ಬಣ್ಣದ ಮನೆಗಳು, ಗುಡ್ಡದ ಮೇಲಕ್ಕೆ ಮೆಟ್ಟಿಲುಗಳು. ಮನೆಗಳ ಎದುರು ಚಾಪೆ ಹಾಸಿ ಜಾಯಿಕಾಯಿ, ಜಾಪತ್ರೆ ಒಣಗಲು ಹಾಕಿದ್ದರು. ನಮ್ಮ ಅಂಗಳದ್ದೇ ವಾಸನೆ. ನನ್ನ ಕಣ್ಣು ತುಂಬಿತು, ಒರೆಸಿಕೊಳ್ಳಲಿಲ್ಲ.

ಮೆಟ್ಟಿಲ ಮೇಲಿನ ಮನೆಯೊಂದರ ಎದುರು ಎಪ್ಪತ್ತು ದಾಟಿದ ಹೆಂಗಸೊಬ್ಬರು ಕಾಯಿ ತಿರುವುತ್ತಾ ಕೂತಿದ್ದರು. ರತ್ನಕ್ಕನಿಗೆ ಪರಿಚಯದವರು, ಹೆಸರು ಹಲೀಮಾ. ಊರೆಲ್ಲ ಅವರನ್ನು ನೆನೆಕ್ ಎನ್ನುತ್ತದೆ, ಅಂದರೆ ಅಜ್ಜಿ. ಇವರು ಭಾರತದಲ್ಲಿ ಪಾಲಾ ಬೆಳೆಯುವವರು ಎಂದು ರತ್ನಕ್ಕ ಹೇಳಿದಾಗ ನೆನೆಕ್ ನಕ್ಕುಬಿಟ್ಟರು. "ಭಾರತದಲ್ಲಿ ಪಾಲಾ ಎಲ್ಲಿಂದ? ಪಾಲಾ ಇರುದು ಇಲ್ಲಿ." ಅಕ್ಕಪಕ್ಕದ ಹೆಂಗಸರೂ ಬಂದು ನಿಂತು ನಕ್ಕರು.

ನಾನು ವಾದ ಮಾಡಲಿಲ್ಲ. ನಿಜ ಹೇಳಬೇಕೆಂದರೆ, ಮಾಡಬೇಕೆಂದು ಹೊಳೆಯಲೂ ಇಲ್ಲ. ಚಾಪೆಯ ಮೇಲೆ ಕಾಯಿ ಕಂಡದ್ದೇ ನನ್ನ ಸೊಂಟ ತಾನಾಗಿ ಬಗ್ಗಿತು. ಕುಕ್ಕರುಗಾಲಲ್ಲಿ ಕೂತು ಒಂದೊಂದೇ ಕಾಯಿ ತೆಗೆದು ಕಿವಿಯ ಹತ್ತಿರ ಅಲುಗಿಸತೊಡಗಿದೆ. ಬೀಜ ಚೆನ್ನಾಗಿ ಒಣಗಿದರೆ ಚಿಪ್ಪಿನೊಳಗೆ ಗಡಗಡ ಎನ್ನುತ್ತದೆ, ಹಸಿ ಇದ್ದರೆ ಸದ್ದಿಲ್ಲ. ಗಡಗಡ ಎಂದದ್ದು ಬಲಕ್ಕೆ, ಸುಮ್ಮನಿದ್ದದ್ದು ಎಡಕ್ಕೆ. ಪಕ್ಕದಲ್ಲಿ ಚೇಚಿಯೂ ಕೂತರು. ನಾವಿಬ್ಬರೂ ತಲೆಯೆತ್ತದೆ ಒಂದು ಚಾಪೆ ಮುಗಿಸುವಾಗ ಸುತ್ತಲಿನ ನಗು ನಿಂತಿತ್ತು.

ನೆನೆಕ್ ನನ್ನ ಬಲಬದಿಯ ರಾಶಿಯಿಂದ ನಾಲ್ಕು ಕಾಯಿ ಎತ್ತಿ ತಮ್ಮ ಕಿವಿಗಿಟ್ಟು ಅಲುಗಿಸಿದರು. ನಾಲ್ಕೂ ಸದ್ದು ಮಾಡಿದವು. ಎಡಬದಿಯಿಂದ ಎರಡು ಎತ್ತಿದರು. ಸದ್ದಿಲ್ಲ. ಅವರು ರತ್ನಕ್ಕನಿಗೆ ಏನೋ ಹೇಳಿದರು.

"ಎಂತ ಹೇಳಿದ್ದು?" ಎಂದು ಕೇಳಿದೆ.

"ಊಟಕ್ಕೆ ಎಬ್ಬಿಸು ಅಂತ."

ಊಟಕ್ಕೆ ಅನ್ನ, ಸುಟ್ಟ ಮೀನು. ಚೇಚಿ ಚೀಲದಿಂದ ಉಪ್ಪಿನಕಾಯಿ ಬಾಟ್ಲಿ ತೆಗೆದರು. ಜಾಯಿಕಾಯಿ ಸಿಪ್ಪೆಯನ್ನು ಸಿಹಿಯಾಗಿ ಮಾತ್ರ ತಿಂದು ಗೊತ್ತಿದ್ದ ಜನ ಅವರು. ನೆನೆಕ್ ಒಂದು ಹೋಳು ಬಾಯಿಗಿಟ್ಟು, ಕಣ್ಣು ಮುಚ್ಚಿ, ಇನ್ನೊಂದಕ್ಕೆ ಕೈ ಚಾಚಿದರು. ಬಾಟ್ಲಿ ಮನೆಯಿಂದ ಮನೆಗೆ ಹೋಗಿ ಖಾಲಿಯಾಗಿ ತೊಳೆದು ಬಂತು. ಚೇಚಿ ಮಲಯಾಳದಲ್ಲಿ, ಕೈಸನ್ನೆಯಲ್ಲಿ ಉಪ್ಪಿನಕಾಯಿ ಮಾಡುವ ಕ್ರಮ ಹೇಳಿಕೊಟ್ಟರು. ಮೂವರು ಹೆಂಗಸರು ಅದನ್ನು ಸರಿಯಾಗಿ ತಿರುಗಿ ಒಪ್ಪಿಸಿದರು. ಮರ ಕೊಟ್ಟವರಿಗೆ ನಾವೂ ಒಂದು ಕೊಟ್ಟೆವು ಎಂದು ಚೇಚಿಯ ಎದೆ ಉಬ್ಬಿದ್ದು ಎದುರಿಗೇ ಕಾಣುತ್ತಿತ್ತು.

ಊಟವಾದ ಮೇಲೆ ನಾನು ನನ್ನ ಹರಕೆಯ ಕತೆ ಹೇಳಿದೆ. ಜಕಾರ್ತಾದಲ್ಲಿ ಜಾಪತ್ರೆ ಹೋದದ್ದನ್ನೂ ಹೇಳಿದೆ. ನೆನೆಕ್ ಕೇಳಿ, ಎದ್ದು, ಮೂಲೆಯಲ್ಲಿದ್ದ ಉದ್ದದ ಬಿದಿರಿನ ಕೋಲು ತಂದು ನನ್ನ ಕೈಗಿಟ್ಟರು. ನಮ್ಮಲ್ಲಿ ಮಾವಿನಕಾಯಿ ಕೊಯ್ಯುವ ದೋಟಿ ಇರುತ್ತದಲ್ಲ, ಹಾಗೆಯೇ. ಆದರೆ ತುದಿಯಲ್ಲಿ ಕೊಕ್ಕೆಗೆ ಬದಲು ಸಣ್ಣ ಬುಟ್ಟಿ, ಬುಟ್ಟಿಯ ಬಾಯಿಗೆ ಹಲ್ಲು.

"ನನ್ನ ಭುಜ ಮೇಲೆ ಏಳುದಿಲ್ಲ," ಎಂದರು. "ಹರಕೆಗೆ ಬಂದವಳು ಸೇವೆ ಮಾಡು. ಬಾ."

ಸೇವೆ ಎಂಬ ಮಾತು ಅವರದಲ್ಲ, ನಾನು ಹಾಕಿದ್ದು. ಅವರು ಕೆಲಸ ಎಂದಿದ್ದರು. ಆದರೆ ಆ ಕ್ಷಣಕ್ಕೆ ನನಗೆ ಬಾಗಿಲು ತೆರೆದಂತಾಯಿತು. ವಸ್ತು ಒಪ್ಪಿಸಲಾಗದವರು ದೇವರಿಗೆ ಮೈಯಿಂದ ಸೇವೆ ಕೊಡುವುದಿಲ್ಲವೇ?

ಮನೆಯ ಹಿಂದೆ ಗುಡ್ಡದಲ್ಲಿ ದೊಡ್ಡದೊಡ್ಡ ಕಾಡುಮರಗಳ ನೆರಳು, ನೆರಳಿನ ಕೆಳಗೆ ಜಾಯಿಕಾಯಿ ಮರಗಳು. ನಮ್ಮಲ್ಲಿ ಒಡೆದು ಬಿದ್ದ ಕಾಯಿಯನ್ನು ನೆಲದಿಂದ ಹೆಕ್ಕುವುದೇ ಹೆಚ್ಚು. ಇಲ್ಲಿ ಬಾಯಿ ಬಿಟ್ಟ ಕಾಯಿಯನ್ನು ಬೀಳುವ ಮೊದಲೇ ಮೇಲಿಂದ ತೆಗೆಯಬೇಕು. ಮೊದಲನೆಯದು ನನ್ನ ತಲೆಯ ಮೇಲೆ ಬಿತ್ತು. ಎರಡನೆಯದು ಚೇಚಿಯ ಬೆನ್ನ ಮೇಲೆ. ಮೂರನೆಯದರ ಜೊತೆ ಒಂದು ಹಸಿ ಕಾಯಿಯೂ ಬಂದು ನೆನೆಕ್ ನಾಲಿಗೆಯಲ್ಲಿ ಚ್ಚು ಎಂದರು. ನನಗೆ ರೋಷ ಬಂತು. ಸೆರಗು ಸೊಂಟಕ್ಕೆ ಬಿಗಿದೆ, ಚಪ್ಪಲಿ ಬಿಟ್ಟೆ, ಕಣ್ಣಿನಲ್ಲಿ ಕಾಯಿ ಹಿಡಿದು ಕೋಲನ್ನು ಎತ್ತಿದೆ. ಹಲ್ಲಿಗೆ ತೊಟ್ಟು ಸಿಕ್ಕಬೇಕು, ಎಳೆಯಬಾರದು, ಸ್ವಲ್ಪ ತಿರುಚಬೇಕು. ಬುಟ್ಟಿಯೊಳಗೆ ತೊಪ್ ಎಂದು ಬಿತ್ತು.

ಆಮೇಲೆ ನನ್ನನ್ನು ಹಿಡಿಯುವವರಿರಲಿಲ್ಲ. ಹೆಂಗಸರು ಸುತ್ತ ನಿಂತು ಅವರ ಭಾಷೆಯಲ್ಲಿ ಎಣಿಸತೊಡಗಿದರು, ಚೇಚಿ ಮಲಯಾಳದಲ್ಲಿ ಎಣಿಸಿದರು. ನಾನು ಮರದಿಂದ ಮರಕ್ಕೆ ಹೋದೆ. ಕತ್ತು ನೋವು, ಭುಜ ನೋವು, ಬೆವರು ಕಣ್ಣಿಗೆ ಇಳಿದು ಉರಿ. ಆದರೂ ಅಷ್ಟು ಸಂತೋಷದಲ್ಲಿ ನಾನು ನನ್ನ ತೋಟದಲ್ಲೂ ದುಡಿದದ್ದಿಲ್ಲ. ದೊಡ್ಡ ಬುಟ್ಟಿ ತುಂಬಿ ಮೇಲೆ ರಾಶಿಯಾದಾಗ ಎಲ್ಲರೂ ಹೋ ಎಂದರು. ಉಸ್ಮಾನ್ ಕೆಳಗಿಂದ ಹೊತ್ತಾಯಿತೆಂದು ಕೂಗುತ್ತಿದ್ದರು.

ನೆನೆಕ್ ಅಲ್ಲೇ ಕೂತು ನಾಲ್ಕೈದು ಕಾಯಿ ಬಿಡಿಸಿದರು. ಹಸಿ ಜಾಪತ್ರೆ, ರಕ್ತದಷ್ಟು ಕೆಂಪು. ಅದನ್ನು ನನ್ನ ಅಂಗೈ ತುಂಬ ಹಾಕಿದರು.

"ಕೊಯ್ದವರ ಪಾಲು," ಎಂದರು ರತ್ನಕ್ಕ. "ಇಲ್ಲಿ ಅದು ಕ್ರಮ."

ಮನೆಯಿಂದ ತಂದದ್ದು ಉಳಿದಿದ್ದರೂ ಅದು ಒಂದು ಪೊಟ್ಟಣ ಆಗಿರುತ್ತಿತ್ತು, ಅಷ್ಟೆ. ಇದು ರನ್‌ನ ನೆಲದಲ್ಲಿ, ರನ್‌ನ ಮರದಿಂದ, ನನ್ನ ಮೈ ದುಡಿದು ಪಡೆದ ಒಂದು ಹಿಡಿ. ನೆನೆಕ್ ತೋರಿಸಿದ ಅತಿ ಹಳೆಯ ಮರದ ಹತ್ತಿರ ಹೋಗಿ ಬುಡಕ್ಕೆ ಸುರಿದೆ. ಮಂಡಿಯೂರಿ, ತಲೆ ಮಣ್ಣಿಗೆ ತಾಗಿಸಿ, ಹೇಳಬೇಕಾದದ್ದನ್ನು ನಮ್ಮ ಮನೆಮಾತಿನಲ್ಲಿ ಗಟ್ಟಿಯಾಗಿಯೇ ಹೇಳಿದೆ. ಚೇಚಿ ಪಕ್ಕದಲ್ಲಿ ಶಿಲುಬೆಯ ಗುರುತು ಮಾಡಿಕೊಂಡರು. ನೆನೆಕ್ ಅಂಗೈ ಮೇಲೆ ಮಾಡಿ ತುಟಿಯಲ್ಲೇ ಏನೋ ಹೇಳಿಕೊಂಡರು.

ಎದ್ದಾಗ ಅವರು ಕೇಳಿದರು, "ಮರಕ್ಕೆ ಎಂತ ಹೇಳಿದೆ?"

"ನಿನ್ನ ಮಕ್ಕಳು ನಮ್ಮಲ್ಲಿ ಸೌಖ್ಯ ಉಂಟು ಅಂತ ಹೇಳಿದೆ."

ರತ್ನಕ್ಕ ಅದನ್ನು ಅವರ ಭಾಷೆಗೆ ತಂದರು. ನೆನೆಕ್ ಮರವನ್ನೊಮ್ಮೆ, ನನ್ನನ್ನೊಮ್ಮೆ ನೋಡಿದರು. ಮಗಳ ಮನೆಯಿಂದ ಬಂದ ಬೀಗಿತ್ತಿಯನ್ನು ವಿಚಾರಿಸುವ ಧಾಟಿಯಲ್ಲಿ, ಮರದ ಪರವಾಗಿ ಅವರೇ ಕೇಳಿದರು:

"ಎಷ್ಟು ಹೆಣ್ಣು? ಎಷ್ಟು ಗಂಡು?"

"ಐವತ್ತೈದು ಹೆಣ್ಣು," ಎಂದೆ. "ಐದು ಗಂಡು."

ಅವರು ಬೆರಳು ಮಡಚಿ ಲೆಕ್ಕ ಹಾಕಿದರು. ಆಮೇಲೆ ನನ್ನ ಬೆನ್ನಿಗೆ ಒಂದು ಗುದ್ದು ಕೊಟ್ಟು, ಇಡೀ ಗುಡ್ಡಕ್ಕೆ ಕೇಳುವ ಹಾಗೆ ನಕ್ಕರು.

"ಸಾಕು. ಚೆನ್ನಾಗಿ ಸಾಕಿದ್ದೀ."